ಆರ್ಕ್ಟಿಕ್ ವೃತ್ತಕ್ಕೆ ಒಂದು ದಿನದ ದಾರಿ: ಡಾಲ್ಟನ್ ಹೆದ್ದಾರಿಯಲ್ಲಿ ನೆಲವನ್ನು ನೋಡುವುದು

ಇಲ್ಲಿ ಕೂತಿರುವ ನಿಮ್ಮಲ್ಲಿ ಹಲವರ ಮಕ್ಕಳು ಅಮೆರಿಕದಲ್ಲಿದ್ದಾರೆ. ಬೇಸಿಗೆಯಲ್ಲಿ ಅವರ ಮನೆಗೆ ಹೋದಾಗ ಅಲಾಸ್ಕಾವನ್ನೂ ನೋಡಿಕೊಂಡು ಬರೋಣ ಅನ್ನುವ ಮಾತು ಈಗೀಗ ಜಾಸ್ತಿ ಕೇಳಿಸುತ್ತಿದೆ. ಹೆಚ್ಚಿನವರು ಹಡಗು ಹತ್ತಿ ಕರಾವಳಿಯ ಹಿಮನದಿಗಳನ್ನು ನೋಡಿ ಬರುತ್ತಾರೆ. ಅದು ಒಳ್ಳೆಯ ಪ್ರವಾಸವೇ. ಆದರೆ ನಾನು ಹೇಳಬೇಕೆಂದಿರುವುದು ಒಳನಾಡಿನ ಒಂದು ದಾರಿಯ ಬಗ್ಗೆ. ಫೇರ್‌ಬ್ಯಾಂಕ್ಸ್ ಎಂಬ ಊರಿನಿಂದ ಬೆಳಿಗ್ಗೆ ಗೈಡ್ ಜೊತೆ ವ್ಯಾನಿನಲ್ಲಿ ಹೊರಡುವುದು. ಡಾಲ್ಟನ್ ಹೆದ್ದಾರಿ ಸೇರಿ ಉತ್ತರಕ್ಕೆ ಒಟ್ಟು ಸುಮಾರು 320 ಕಿಲೋಮೀಟರ್ ಹೋಗಿ ಆರ್ಕ್ಟಿಕ್ ವೃತ್ತ, ಅಂದರೆ ನಡುಬೇಸಿಗೆಯಲ್ಲಿ ಸೂರ್ಯ ಮುಳುಗದ ನಾಡು ಶುರುವಾಗುವ ಗೆರೆ, ಮುಟ್ಟುವುದು. ಅದೇ ರಾತ್ರಿ ವಾಪಸ್. ಹೋಗಿ ಬರಲು ಹೆಚ್ಚುಕಡಿಮೆ 16 ಗಂಟೆ ಹಿಡಿಯುತ್ತದೆ.

ಈ ಪ್ರವಾಸ ಮುಗಿಸಿ ಬಂದವರಿಂದ ನಾನು ಎರಡು ಥರದ ಮಾತು ಕೇಳಿದ್ದೇನೆ. "ಇಡೀ ದಿನ ಕೂತು ಕೂತು ಸೊಂಟ ಹೋಯ್ತು, ಕಂಡಿದ್ದು ಒಂದು ಬೋರ್ಡು" ಅನ್ನುವವರಿದ್ದಾರೆ. "ಇಂಥ ದಿನ ಮತ್ತೆ ಸಿಗೋದಿಲ್ಲ" ಅನ್ನುವವರೂ ಇದ್ದಾರೆ. ಇಬ್ಬರೂ ಹೋಗಿದ್ದು ಒಂದೇ ರಸ್ತೆಯಲ್ಲಿ, ಒಂದೇ ತಿಂಗಳಲ್ಲಿ. ಹಾಗಾದರೆ ವ್ಯತ್ಯಾಸ ಎಲ್ಲಿಂದ ಬಂತು? ನನ್ನ ಪ್ರಕಾರ, ಆ ರಸ್ತೆಯ ಕೆಳಗಿರುವ ನೆಲ ಎಂಥದ್ದು ಅಂತ ಎರಡನೆಯವರಿಗೆ ಯಾರೋ ತೋರಿಸಿಕೊಟ್ಟಿದ್ದರು. ಮೊದಲನೆಯವರಿಗೆ ತೋರಿಸಿರಲಿಲ್ಲ. ಅದನ್ನು ತಿಳಿದು ನೋಡಿದರೆ ಅಲ್ಲಿನ ಮರ ಯಾಕೆ ಕುಳ್ಳಗಿದೆ, ಎಣ್ಣೆ ಪೈಪು ಯಾಕೆ ಕಂಬದ ಮೇಲಿದೆ, ರಸ್ತೆ ಯಾಕೆ ಏರಿಯ ಮೇಲಿದೆ ಎಲ್ಲ ಗೊತ್ತಾಗುತ್ತದೆ. ಇಲ್ಲದಿದ್ದರೆ ನೂರಾರು ಕಿಲೋಮೀಟರ್ ಒಂದೇ ಥರದ ಮರಗಳು, ಅಷ್ಟೇ.

ಆ ನೆಲ ಹೆಪ್ಪುಗಟ್ಟಿದೆ. ಅದಕ್ಕೆ ಪರ್ಮಾಫ್ರಾಸ್ಟ್ ಅನ್ನುತ್ತಾರೆ. ಕನಿಷ್ಠ ಎರಡು ವರ್ಷ ಸತತವಾಗಿ ಸೊನ್ನೆ ಡಿಗ್ರಿ ಅಥವಾ ಅದಕ್ಕಿಂತ ಕೆಳಗೆ ಉಳಿದ ನೆಲವನ್ನು ಹಾಗೆ ಕರೆಯುತ್ತಾರೆ, ಆದರೆ ಅಲ್ಲಿನ ನೆಲ ಬಹಳ ಕಡೆ ಸಾವಿರಾರು ವರ್ಷಗಳಿಂದ ಹಾಗೇ ಇದೆ. ಬೇಸಿಗೆಯಲ್ಲಿ ಮೇಲಿನ ಕೆಲವು ಅಡಿ ಮಾತ್ರ ಕರಗುತ್ತದೆ. ಬೇರು ಇಳಿಯುವುದು, ಹುಳ ಓಡಾಡುವುದು, ನೀರು ನಿಲ್ಲುವುದು ಎಲ್ಲ ಆ ತೆಳು ಪದರದಲ್ಲೇ. ಆರ್ಕ್ಟಿಕ್ ಸಾಗರದ ದಡದ ಪ್ರೂಡೋ ಬೇ ಹತ್ತಿರ ಈ ಹೆಪ್ಪು 600 ಮೀಟರ್ ಆಳದವರೆಗೂ ಇದೆ. ಫೇರ್‌ಬ್ಯಾಂಕ್ಸ್ ಸುತ್ತ ಹಾಗಲ್ಲ. ಒಂದು ಕಡೆ ಇರುತ್ತದೆ, ಪಕ್ಕದಲ್ಲೇ ಇರುವುದಿಲ್ಲ.

ಇದನ್ನು ವ್ಯಾನಿನಲ್ಲಿ ಕೂತೇ ನೋಡಬಹುದು. ಊರು ಬಿಟ್ಟು ಸ್ವಲ್ಪ ಹೊತ್ತಿಗೆ ಗುಡ್ಡಗಳು ಶುರುವಾಗುತ್ತವೆ. ದಕ್ಷಿಣಕ್ಕೆ ಮುಖ ಮಾಡಿದ ಇಳಿಜಾರು ನೋಡಿ. ಅಲ್ಲಿ ಬಿಳಿ ತೊಗಟೆಯ ಬರ್ಚ್, ಗಾಳಿಗೆ ಎಲೆ ಅಲ್ಲಾಡಿಸುವ ಆಸ್ಪೆನ್ ಮರಗಳು ಎತ್ತರಕ್ಕೆ ಬೆಳೆದಿರುತ್ತವೆ. ಅಲ್ಲಿ ಬಿಸಿಲು ಬೀಳುತ್ತದೆ, ಹಾಗಾಗಿ ನೆಲ ಹೆಪ್ಪುಗಟ್ಟಿಲ್ಲ. ಗುಡ್ಡದ ಆಚೆ ಬದಿಗೆ ಹೋಗಿ. ಉತ್ತರಕ್ಕೆ ಮುಖ ಮಾಡಿದ ಇಳಿಜಾರಿನಲ್ಲಿ ಬ್ಲ್ಯಾಕ್ ಸ್ಪ್ರೂಸ್ ಮಾತ್ರ. ಕಡ್ಡಿಯಂಥ ಕಾಂಡ, ಗಿಡ್ಡ ಕೊಂಬೆ, ತುದಿಯಲ್ಲಿ ಒತ್ತಾದ ಗೊಂಚಲು. ಮಣಿಕಟ್ಟಿನಷ್ಟೇ ದಪ್ಪದ ಮರಕ್ಕೆ ನೂರು ವರ್ಷ ಆಗಿರಬಹುದು. ಒಂದೇ ಗುಡ್ಡ, ಒಂದೇ ಮಳೆ, ಒಂದೇ ಮಣ್ಣು. ಎರಡು ಬದಿಯಲ್ಲಿ ಎರಡು ಕಾಡು. ಗೈಡ್ ಇದನ್ನು ಒಂದು ಸಲ ತೋರಿಸಿದರೆ ಸಾಕು, ಆಮೇಲೆ ಇಡೀ ದಿನ ನೀವೇ ಲೆಕ್ಕ ಹಾಕುತ್ತಾ ಹೋಗುತ್ತೀರಿ.

ಕೆಲವು ಕಡೆ ಈ ಸ್ಪ್ರೂಸ್ ಮರಗಳು ಎಲ್ಲೆಂದರಲ್ಲಿ ವಾಲಿಕೊಂಡಿರುತ್ತವೆ. ಒಂದು ಎಡಕ್ಕೆ, ಪಕ್ಕದ್ದು ಬಲಕ್ಕೆ. ಗಾಳಿಯಿಂದ ಆಗಿದ್ದರೆ ಎಲ್ಲವೂ ಒಂದೇ ಕಡೆ ವಾಲಬೇಕಿತ್ತು, ಅಲ್ವಾ? ಕೆಳಗಿನ ಹೆಪ್ಪು ಕರಗಿ ನೆಲ ಕುಸಿದಾಗ ಹೀಗಾಗುತ್ತದೆ. ಬೇರು ಆಳಕ್ಕೆ ಇಳಿದಿಲ್ಲವಲ್ಲ, ಹಿಡಿದುಕೊಳ್ಳಲು ಏನೂ ಇಲ್ಲ.

ಗೈಡ್ ಯಾಕೆ ಬೇಕು ಅಂತ ಕೇಳುವವರಿದ್ದಾರೆ. ಕಾರು ಬಾಡಿಗೆಗೆ ತಗೊಂಡು ಹೋದರೆ ಆಗದಾ? ಹೆಚ್ಚಿನ ಬಾಡಿಗೆ ಕಂಪನಿಗಳು ಡಾಲ್ಟನ್ ಹೆದ್ದಾರಿಗೆ ತಮ್ಮ ಕಾರು ಒಯ್ಯಲು ಬಿಡುವುದೇ ಇಲ್ಲ. ಊರು ದಾಟಿ ಸ್ವಲ್ಪ ದೂರಕ್ಕೆ ಮೊಬೈಲ್ ಸಿಗ್ನಲ್ ಹೋಗುತ್ತದೆ. 666 ಕಿಲೋಮೀಟರ್ ಉದ್ದದ ಆ ಹೆದ್ದಾರಿಯಲ್ಲಿ ಪೆಟ್ರೋಲ್ ಸಿಗುವುದು ಯೂಕಾನ್ ನದಿಯ ಹತ್ತಿರ, ಕೋಲ್ಡ್‌ಫುಟ್‌ನಲ್ಲಿ, ಕೊನೆಗೆ ಡೆಡ್‌ಹಾರ್ಸ್‌ನಲ್ಲಿ. ರಸ್ತೆಯ ಬಹುಭಾಗ ಜಲ್ಲಿ. ಎದುರಿಂದ ಬರುವ ಲಾರಿಯ ಚಕ್ರದಿಂದ ಹಾರಿದ ಕಲ್ಲಿಗೆ ಮುಂದಿನ ಗಾಜು ಒಡೆಯುವುದು ಅಲ್ಲಿ ಮಾಮೂಲು. ಪ್ರವಾಸದ ವ್ಯಾನುಗಳಲ್ಲಿ ಗಟ್ಟಿ ಟೈರು, ಸ್ಟೆಪ್ನಿ, ರೇಡಿಯೊ ಎಲ್ಲ ಇರುತ್ತದೆ. ಕಡಿದಾದ ಏರು ಬಂದಾಗ ಗೈಡ್ ರೇಡಿಯೊದಲ್ಲಿ ಲಾರಿಯವರಿಗೆ ನಾವು ಬರುತ್ತಿದ್ದೇವೆ ಅಂತ ಹೇಳುತ್ತಾರೆ. ತುಂಬಿದ ಲಾರಿ ಏರು ಹತ್ತುವಾಗ ನಿಂತರೆ ಮತ್ತೆ ಹೊರಡುವುದು ಕಷ್ಟ. ಹಾಗಾಗಿ ಅಲ್ಲಿ ಲಾರಿಗೆ ದಾರಿ ಬಿಡುವುದು ಮೊದಲ ಪಾಠ. ಈ ರಸ್ತೆ ಮಾಡಿದ್ದೇ ಅವರಿಗಾಗಿ. ನಾವು ಅವರ ರಸ್ತೆಯಲ್ಲಿ ಅತಿಥಿಗಳು.

ಮೊದಲ ನಿಲ್ದಾಣ ಸಾಮಾನ್ಯವಾಗಿ ಫಾಕ್ಸ್ ಎಂಬ ಜಾಗದ ಹತ್ತಿರ, ಟ್ರಾನ್ಸ್ ಅಲಾಸ್ಕಾ ಪೈಪ್‌ಲೈನ್ ನೋಡಲು. "ಕಾಡು ನೋಡೋಕೆ ಬಂದು ಎಣ್ಣೆ ಪೈಪು ಯಾಕೆ ನೋಡಬೇಕು?" ಅಂತ ಕೆಲವರು ಮುಖ ಸಿಂಡರಿಸುತ್ತಾರೆ. ನಾನು ಹೇಳುವುದು, ಇಲ್ಲಿ ಹೆಚ್ಚು ಹೊತ್ತು ನಿಲ್ಲಿ. ಹೆಪ್ಪುಗಟ್ಟಿದ ನೆಲದ ಬಗ್ಗೆ ಈ ಪೈಪು ಕಲಿಸುವಷ್ಟು ಬೇರೆ ಯಾವುದೂ ಕಲಿಸುವುದಿಲ್ಲ.

1968ರಲ್ಲಿ ಪ್ರೂಡೋ ಬೇಯಲ್ಲಿ ಎಣ್ಣೆ ಸಿಕ್ಕಿತು. ಅಲ್ಲಿನ ಸಮುದ್ರ ವರ್ಷದ ಹೆಚ್ಚು ಕಾಲ ಮಂಜುಗಡ್ಡೆ. ಹಡಗು ಹೋಗುವುದು ಕಷ್ಟ. ಹಾಗಾಗಿ ದಕ್ಷಿಣದ ವಾಲ್ಡೀಜ್ ಬಂದರಿಗೆ 800 ಮೈಲಿ, ಅಂದರೆ ಸುಮಾರು 1,290 ಕಿಲೋಮೀಟರ್ ಪೈಪು ಹಾಕಿದರು. 1977ರ ಜೂನ್ 20ರಂದು ಎಣ್ಣೆ ಹರಿಯಲು ಶುರುವಾಯಿತು. ಪೈಪಿನ ಅಗಲ 4 ಅಡಿ. ನೆಲದಿಂದ ಬರುವ ಎಣ್ಣೆ ಬಿಸಿಯಾಗಿರುತ್ತದೆ. ಬಿಸಿ ಪೈಪನ್ನು ಮಂಜುಗಡ್ಡೆ ತುಂಬಿದ ಮಣ್ಣಿನಲ್ಲಿ ಹೂತರೆ ಏನಾಗುತ್ತದೆ ಯೋಚಿಸಿ. ಮಂಜು ಕರಗುತ್ತದೆ, ಮಣ್ಣು ಕೆಸರಾಗುತ್ತದೆ, ಪೈಪು ಕುಸಿದು ಒಡೆಯುತ್ತದೆ. ಅದಕ್ಕೇ 420 ಮೈಲಿಯಷ್ಟು ಪೈಪನ್ನು ಕಂಬಗಳ ಮೇಲೆ ಕೂರಿಸಿದ್ದಾರೆ. ಉಳಿದದ್ದು ನೆಲದೊಳಗೆ. ಎಲ್ಲಿ ನೆಲ ಗಟ್ಟಿ, ಕರಗಿದರೂ ಕುಸಿಯುವುದಿಲ್ಲವೋ ಅಲ್ಲಿ ಹೂತಿದ್ದಾರೆ. ಆಮೇಲೆ ದಾರಿಯುದ್ದಕ್ಕೂ ಪೈಪು ನಿಮ್ಮ ಜೊತೆಗೇ ಬರುತ್ತದೆ. ಒಮ್ಮೆ ನೆಲದೊಳಕ್ಕೆ ಮುಳುಗುತ್ತದೆ, ಒಂದಷ್ಟು ದೂರ ಹೋಗಿ ಮತ್ತೆ ಮೇಲೆ ಏಳುತ್ತದೆ. ಮೇಲೆ ಎದ್ದಿದೆ ಅಂದರೆ ಕೆಳಗೆ ಮಂಜು ತುಂಬಿದ ನೆಲ ಇದೆ ಅಂತ ನೀವೇ ಹೇಳಬಹುದು.

ಆ ಕಂಬಗಳ ಹತ್ತಿರ ಹೋಗಿ ನೋಡಿ. ಜೋಡಿ ಕಂಬ, ಮಧ್ಯೆ ಅಡ್ಡ ತೊಲೆ. ಬಹಳ ಕಡೆ ಪ್ರತಿ ಕಂಬದ ತಲೆಯಿಂದ ಎರಡು ಕೊಳವೆಗಳು ಹೊರಬಂದಿರುತ್ತವೆ, ಅವುಗಳ ಸುತ್ತ ಬೆಳ್ಳಿ ಬಣ್ಣದ ರೆಕ್ಕೆಗಳು. ಆ ಕೊಳವೆಗಳ ಒಳಗೆ ಅಮೋನಿಯಾ ಇದೆ. ಚಳಿಗಾಲದಲ್ಲಿ ಹೊರಗಿನ ಗಾಳಿ ನೆಲಕ್ಕಿಂತ ತುಂಬಾ ತಣ್ಣಗಿರುತ್ತದೆ. ಆಗ ಕೆಳಗಿನ ಅಮೋನಿಯಾ ನೆಲದ ಶಾಖ ಹೀರಿ ಆವಿಯಾಗಿ ಮೇಲೇರುತ್ತದೆ. ರೆಕ್ಕೆಗಳ ಹತ್ತಿರ ಆ ಶಾಖವನ್ನು ಗಾಳಿಗೆ ಬಿಟ್ಟು, ತಣ್ಣಗಾಗಿ, ಮತ್ತೆ ದ್ರವವಾಗಿ ಕೆಳಗಿಳಿಯುತ್ತದೆ. ಹೀಗೆ ಇಡೀ ಚಳಿಗಾಲ ನೆಲದ ಶಾಖ ಹೊರಗೆ ಹೋಗುತ್ತಲೇ ಇರುತ್ತದೆ. ಬೇಸಿಗೆಯಲ್ಲಿ ಗಾಳಿ ಬೆಚ್ಚಗಾದಾಗ ಆವಿ ತಣ್ಣಗಾಗುವುದಿಲ್ಲ, ಕೆಲಸ ತಾನಾಗೇ ನಿಲ್ಲುತ್ತದೆ. ಕರೆಂಟಿಲ್ಲ, ಮೋಟಾರಿಲ್ಲ, ತಿರುಗುವ ಒಂದು ಭಾಗವೂ ಇಲ್ಲ. ಇಂಥ ಕೊಳವೆಗಳು 1,20,000ಕ್ಕಿಂತ ಹೆಚ್ಚಿವೆ. ಎಂಜಿನಿಯರಿಂಗ್ ಓದಿದವರು ಇಲ್ಲಿದ್ದರೆ ಅವರಿಗೆ ನಾನು ಹೇಳುವುದು, ಈ ಒಂದು ಕಂಬ ನೋಡಲು ಅಷ್ಟು ದೂರ ಹೋದರೂ ಸರಿ.

ಪೈಪು ನೇರವಾಗಿ ಹೋಗುವುದಿಲ್ಲ, ಅಂಕುಡೊಂಕಾಗಿ ಹೋಗುತ್ತದೆ. ಬಿಸಿಗೆ ಹಿಗ್ಗಲು, ಚಳಿಗೆ ಕುಗ್ಗಲು ಜಾಗ ಬೇಕಲ್ಲ. ಪೈಪನ್ನು ತೊಲೆಗೆ ಬೆಸುಗೆ ಹಾಕಿಲ್ಲ. ಅದರ ಅಡಿಯಲ್ಲಿ ಜಾರುವ ಪಾದಗಳಿವೆ. ತೊಲೆಯ ಮೇಲೆ ಅದು ಅತ್ತಿತ್ತ ಸರಿಯಬಹುದು. 2002ರ ನವೆಂಬರ್ 3ರಂದು ಡೆನಾಲಿ ಎಂಬ ಭೂಬಿರುಕಿನಲ್ಲಿ 7.9 ಪ್ರಮಾಣದ ಭೂಕಂಪ ಆಯಿತು. ಪೈಪು ಆ ಬಿರುಕನ್ನು ದಾಟುವ ಜಾಗದಲ್ಲಿ ನೆಲ ಸುಮಾರು 14 ಅಡಿ ಪಕ್ಕಕ್ಕೆ ಸರಿಯಿತು. ಪೈಪು ತೊಲೆಗಳ ಮೇಲೆ ಜಾರಿತು, ಒಡೆಯಲಿಲ್ಲ, ಎಣ್ಣೆ ಸೋರಲಿಲ್ಲ. ಅದು ಫೇರ್‌ಬ್ಯಾಂಕ್ಸ್‌ಗಿಂತ ದಕ್ಷಿಣಕ್ಕಿರುವ ಜಾಗ, ನಮ್ಮ ದಾರಿಯಲ್ಲಿ ಸಿಗುವುದಿಲ್ಲ. ಆದರೂ ಪೈಪಿನ ಕೆಳಗೆ ನಿಂತಾಗ ಈ ವಿಷಯ ಗೊತ್ತಿದ್ದರೆ ಆ ಅಂಕುಡೊಂಕನ್ನು ನೋಡುವ ರೀತಿಯೇ ಬೇರೆಯಾಗುತ್ತದೆ.

ಇಷ್ಟೆಲ್ಲ ಜಾಗರೂಕತೆ ಸುಮ್ನೆ ಬಂದದ್ದಲ್ಲ. 1968-69ರ ಚಳಿಗಾಲದಲ್ಲಿ ಆಗಿನ ಗವರ್ನರ್ ವಾಲ್ಟರ್ ಹಿಕಲ್ ಅವಸರದಲ್ಲಿ ಉತ್ತರಕ್ಕೆ ಒಂದು ದಾರಿ ಮಾಡಿಸಿದರು. ಬುಲ್ಡೋಜರ್ ತಂದು ಮೇಲಿನ ಪಾಚಿ, ಗಿಡ, ಮಣ್ಣು ಕೆರೆದು ಲಾರಿ ಬಿಟ್ಟರು. ಚಳಿಗಾಲದಲ್ಲಿ ನಡೆಯಿತು. ಬೇಸಿಗೆ ಬಂದಾಗ, ಹೊದಿಕೆ ಕಳಕೊಂಡ ನೆಲ ಕರಗಿತು. ರಸ್ತೆ ಇದ್ದ ಕಡೆ ನೀರು ತುಂಬಿದ ಹಳ್ಳ ಉಳಿಯಿತು. ಈ ಪಾಚಿ ಹೊದಿಕೆಯೇ ನೆಲವನ್ನು ತಣ್ಣಗಿಟ್ಟಿರುವುದು ಅಂತ ಎಲ್ಲರಿಗೂ ಕಣ್ಣಾರೆ ಕಂಡದ್ದು ಆಗ. ಮುಂದೆ 1974ರಲ್ಲಿ ಪೈಪ್‌ಲೈನಿಗಾಗಿ ಈಗಿನ ರಸ್ತೆ ಮಾಡುವಾಗ ನೆಲ ಕೆರೆಯಲಿಲ್ಲ. ಪಾಚಿಯ ಮೇಲೇ ಹಲವು ಅಡಿ ದಪ್ಪಕ್ಕೆ ಜಲ್ಲಿ ಸುರಿದು ಏರಿ ಕಟ್ಟಿದರು. ಯೂಕಾನ್ ನದಿಯಿಂದ ಪ್ರೂಡೋ ಬೇವರೆಗಿನ ಸುಮಾರು 360 ಮೈಲಿ ರಸ್ತೆ ಏಪ್ರಿಲ್ 29ಕ್ಕೆ ಶುರುವಾಗಿ ಸೆಪ್ಟೆಂಬರ್ 29ಕ್ಕೆ ಮುಗಿಯಿತು. 154 ದಿನ. ಬಹಳ ಕಾಲ ಅದು ಲಾರಿಗಳಿಗಷ್ಟೇ ಇತ್ತು. ರಸ್ತೆಯ ಕೊನೆಯವರೆಗೂ ಸಾಮಾನ್ಯ ಜನರಿಗೆ ತೆರೆದದ್ದು 1994ರಲ್ಲಿ.

ನಮ್ಮ ವ್ಯಾನ್ ಡಾಲ್ಟನ್ ಹೆದ್ದಾರಿ ಸೇರಿದ ಮೇಲೆ ಗೈಡ್ ಎಲ್ಲಾದರೂ ಒಂದು ಕಡೆ ವ್ಯಾನ್ ನಿಲ್ಲಿಸಿ ಸ್ಪ್ರೂಸ್ ಕಾಡಿನೊಳಕ್ಕೆ ನಾಲ್ಕು ಹೆಜ್ಜೆ ಕರೆದುಕೊಂಡು ಹೋಗುತ್ತಾರೆ. ಇದನ್ನು ತಪ್ಪಿಸಿಕೊಳ್ಳಬೇಡಿ. ಕಾಲಿಟ್ಟರೆ ನೆಲ ಮೆತ್ತಗೆ ಒಳಗೆ ಹೋಗುತ್ತದೆ. ಹುಲ್ಲಿನ ಉಂಡೆಗಳು, ನಡುವೆ ನೀರು. ನಾಲ್ಕು ಹೆಜ್ಜೆಗೇ ಏದುಸಿರು ಬರುತ್ತದೆ. ಗೈಡ್ ಮಂಡಿಯೂರಿ ಪಾಚಿಯ ಒಂದು ತುಂಡನ್ನು ನಿಧಾನಕ್ಕೆ ಎತ್ತುತ್ತಾರೆ. ಮೊಣಕೈವರೆಗೆ ಕೈ ಒಳಗೆ ಬಿಡಿ ಅನ್ನುತ್ತಾರೆ. ಮೇಲೆ ಬಿಸಿಲಿಗೆ ಸ್ವೆಟರ್ ತೆಗೆದಿಟ್ಟಿರುತ್ತೇವೆ. ಕೈ ಒಳಗೆ ಹೋದಂತೆ ಪಾಚಿ ತಣ್ಣಗಾಗುತ್ತದೆ, ಆಮೇಲೆ ಕೊರೆಯುತ್ತದೆ, ಕೊನೆಗೆ ಬೆರಳ ತುದಿಗೆ ಗಟ್ಟಿಯಾದದ್ದು ತಾಗುತ್ತದೆ. ಕಲ್ಲು ಅನ್ನಿಸುತ್ತದೆ, ಕಲ್ಲಲ್ಲ. ಮಂಜುಗಡ್ಡೆಯಿಂದ ಬೆಸೆದುಕೊಂಡ ಮಣ್ಣು. ಜುಲೈ ತಿಂಗಳ ಮಧ್ಯಾಹ್ನ, ಒಂದು ಮೊಣಕೈ ಉದ್ದದ ಕೆಳಗೆ! ನೋಡಿದ ಮೇಲೆ ಗೈಡ್ ಆ ಪಾಚಿಯನ್ನು ಇದ್ದಂತೆಯೇ ಮುಚ್ಚುತ್ತಾರೆ. ಯಾಕೆ ಮುಚ್ಚುತ್ತಾರೆ ಅಂತ ಹಿಕಲ್ ರಸ್ತೆಯ ಕಥೆ ಕೇಳಿದವರಿಗೆ ಬೇರೆ ಹೇಳಬೇಕಾಗಿಲ್ಲ.

ಇನ್ನೊಂದು ವಿಷಯ. ಫೇರ್‌ಬ್ಯಾಂಕ್ಸ್‌ನಲ್ಲಿ ವರ್ಷಕ್ಕೆ ಮಳೆ, ಹಿಮ ಎಲ್ಲ ಸೇರಿ ಬೀಳುವ ನೀರು 30 ಸೆಂಟಿಮೀಟರ್ ಆಸುಪಾಸು. ನಮ್ಮ ಬಯಲುಸೀಮೆಯ ಒಣ ತಾಲ್ಲೂಕುಗಳಲ್ಲೂ ಇದಕ್ಕಿಂತ ಜಾಸ್ತಿ ಮಳೆ. ಹಾಗಿದ್ದರೂ ಅಲ್ಲಿ ಎಲ್ಲಿ ನೋಡಿದರೂ ಜೌಗು, ಕುಂಟೆ, ಕೆರೆ. ಬಿದ್ದ ನೀರು ಇಂಗಲು ಜಾಗವಿಲ್ಲ, ಕೆಳಗೆ ಹೆಪ್ಪು ತಡೆಯುತ್ತದೆ. ಆ ಸೊಳ್ಳೆಗಳ ಸೈನ್ಯ ಎಲ್ಲಿಂದ ಬಂತು ಅನ್ನುವುದಕ್ಕೂ ಇದೇ ಉತ್ತರ.

ಫೇರ್‌ಬ್ಯಾಂಕ್ಸ್‌ನಿಂದ ಮೂರು ಗಂಟೆಗೂ ಹೆಚ್ಚು ಪ್ರಯಾಣ ಮಾಡಿದ ಮೇಲೆ ಯೂಕಾನ್ ನದಿ ಸಿಗುತ್ತದೆ. ಕೆನಡಾದಲ್ಲಿ ಹುಟ್ಟಿ, ಇಡೀ ಅಲಾಸ್ಕಾ ದಾಟಿ ಬೇರಿಂಗ್ ಸಮುದ್ರ ಸೇರುವ 3,000 ಕಿಲೋಮೀಟರಿಗೂ ಉದ್ದದ ನದಿ. ಅಲಾಸ್ಕಾದೊಳಗೆ ಅದಕ್ಕಿರುವ ಸೇತುವೆ ಇದೊಂದೇ. 1975ರಲ್ಲಿ ಮುಗಿಯಿತು. ಸುಮಾರು 700 ಮೀಟರ್ ಉದ್ದ, ಹಲಗೆ ಹಾಸಿನ ಸೇತುವೆ. ಒಂದು ದಡ ಎತ್ತರ, ಇನ್ನೊಂದು ತಗ್ಗು. ಹಾಗಾಗಿ ಸೇತುವೆಯೇ ಇಳಿಜಾರಾಗಿದೆ. ಪೈಪೂ ಅದರ ಬದಿಯಲ್ಲೇ ನದಿ ದಾಟುತ್ತದೆ.

ಇಲ್ಲಿ ಸ್ವಲ್ಪ ದಾರಿ ತಪ್ಪಿ ಬೇರೆ ಮಾತು ಆಡುತ್ತೇನೆ. ಪ್ರವಾಸದ ಜಾಹೀರಾತುಗಳಲ್ಲಿ ಈ ನಾಡನ್ನು ಯಾರೂ ಇಲ್ಲದ ಜಾಗ ಅನ್ನುವಂತೆ ಬರೆಯುತ್ತಾರೆ. ಅದು ನನಗೆ ಒಪ್ಪಿಗೆಯಿಲ್ಲ. ಈ ಸೇತುವೆಯಿಂದ ಮೇಲ್ಹರಿವಿನ ಕಡೆ ಸ್ಟೀವನ್ಸ್ ವಿಲೇಜ್ ಎಂಬ ಊರಿದೆ, ಕೆಳಹರಿವಿನಲ್ಲಿ ರಾಂಪಾರ್ಟ್ ಇದೆ. ಇಲ್ಲಿನ ಮೂಲನಿವಾಸಿಗಳಾದ ಕೊಯುಕಾನ್ ಜನ ಈ ನದಿಯ ಮೇಲೆ ಸಾವಿರಾರು ವರ್ಷ ಬದುಕಿದ್ದಾರೆ. 1950ರ, 60ರ ದಶಕದಲ್ಲಿ ರಾಂಪಾರ್ಟ್ ಕಣಿವೆಯಲ್ಲಿ ಒಂದು ಅಣೆಕಟ್ಟು ಕಟ್ಟುವ ಯೋಜನೆ ಇತ್ತು. ಅಮೆರಿಕದ ಈರಿ ಸರೋವರಕ್ಕಿಂತ ದೊಡ್ಡ ಜಲಾಶಯ ಆಗಬೇಕಿತ್ತು. ಸ್ಟೀವನ್ಸ್ ವಿಲೇಜ್ ಸೇರಿ ಹಲವು ಊರುಗಳು, ಲಕ್ಷಾಂತರ ಬಾತುಕೋಳಿಗಳು ಮರಿ ಮಾಡುವ ಜೌಗು, ಎಲ್ಲ ಮುಳುಗಬೇಕಿತ್ತು. ಜನ ವಿರೋಧಿಸಿದರು, ಪಕ್ಷಿ ಬಲ್ಲವರು ವಿರೋಧಿಸಿದರು, 1967ರಲ್ಲಿ ಸರ್ಕಾರದ ಒಳಾಡಳಿತ ಕಾರ್ಯದರ್ಶಿ ಸ್ಟೂವರ್ಟ್ ಉಡಾಲ್ ಅವರೇ ಬೇಡ ಅಂದರು. ಯೋಜನೆ ನಿಂತಿತು. ಅದೇ ದಶಕದಲ್ಲಿ, 1964ರಲ್ಲಿ, ನಮ್ಮಲ್ಲಿ ಲಿಂಗನಮಕ್ಕಿ ಕಟ್ಟಿ ಮುಗಿದು ಶರಾವತಿ ಕಣಿವೆಯ ಊರುಗಳು ಮುಳುಗಿದವು. ಸಾಗರ, ಹೊಸನಗರ ಕಡೆಯವರು ಇಲ್ಲಿದ್ದರೆ, ಯೂಕಾನ್ ದಡದಲ್ಲಿ ನಿಂತಾಗ ಅವರಿಗೆ ಏನನ್ನಿಸುತ್ತದೆ ಅಂತ ನಾನು ಹೇಳಬೇಕಾಗಿಲ್ಲ.

ಪೈಪ್‌ಲೈನ್ ಬಂದಾಗಲೂ ಸ್ಟೀವನ್ಸ್ ವಿಲೇಜಿನವರು ಸುಮ್ಮನೆ ಕೂರಲಿಲ್ಲ. ನಮ್ಮನ್ನು ಕೇಳದೆ ನಮ್ಮ ನೆಲದಲ್ಲಿ ರಸ್ತೆ ಹೇಗೆ ಅಂತ 1970ರಲ್ಲಿ ಕೋರ್ಟಿಗೆ ಹೋದರು, ಕೋರ್ಟು ತಡೆ ಕೊಟ್ಟಿತು. ಅಲಾಸ್ಕಾದ ಮೂಲನಿವಾಸಿಗಳ ಜಮೀನಿನ ಪ್ರಶ್ನೆ ಇತ್ಯರ್ಥ ಆಗದೆ ಪೈಪು ಮುಂದೆ ಹೋಗುವುದಿಲ್ಲ ಅಂತ ಎಣ್ಣೆ ಕಂಪನಿಗಳಿಗೂ ಸರ್ಕಾರಕ್ಕೂ ಅರ್ಥವಾಯಿತು. 1971ರ ಡಿಸೆಂಬರಿನಲ್ಲಿ ಕಾನೂನು ಬಂತು. ಸುಮಾರು 4.4 ಕೋಟಿ ಎಕರೆ ಜಮೀನು, 96 ಕೋಟಿ ಡಾಲರಿಗೂ ಹೆಚ್ಚು ಪರಿಹಾರ. ಆ ಕಾನೂನಿನ ಬಗ್ಗೆ ಅವರಲ್ಲೇ ಈಗಲೂ ಬೇರೆ ಬೇರೆ ಅಭಿಪ್ರಾಯ ಇದೆ. ಆದರೆ ಈ ರಸ್ತೆಯ ಇತಿಹಾಸ ಹೇಳುವಾಗ ಎಣ್ಣೆಯವರ ಹೆಸರು ಮಾತ್ರ ಹೇಳಿ ಇವರನ್ನು ಬಿಡಬಾರದು.

ಇವರ ಬದುಕು ಸಾಲ್ಮನ್ ಮೀನಿನ ಮೇಲೆ ನಿಂತಿತ್ತು. ನದಿಯ ಹರಿವಿಗೆ ತಾನೇ ತಿರುಗಿ ಮೀನನ್ನು ಎತ್ತಿ ಬುಟ್ಟಿಗೆ ಹಾಕುವ ದೊಡ್ಡ ಚಕ್ರಗಳು ಯೂಕಾನ್ ದಡದಲ್ಲಿ ಇರುತ್ತಿದ್ದವು. ಹಿಡಿದ ಮೀನನ್ನು ಸೀಳಿ, ಹೊಗೆಯಲ್ಲಿ ಒಣಗಿಸಿ, ಚಳಿಗಾಲಕ್ಕೆ ಮನೆಮಂದಿಗೂ ನಾಯಿಗಳಿಗೂ ಇಟ್ಟುಕೊಳ್ಳುತ್ತಿದ್ದರು. ಈಗ ಮೀನು ಬರುತ್ತಿಲ್ಲ. ಚಿನೂಕ್ ಸಾಲ್ಮನ್ ಎಷ್ಟು ಕಡಿಮೆಯಾಗಿದೆ ಅಂದರೆ 2024ರಲ್ಲಿ ಅಲಾಸ್ಕಾ ಮತ್ತು ಕೆನಡಾ ಸೇರಿ ಏಳು ವರ್ಷ ಅದನ್ನು ಹಿಡಿಯುವುದನ್ನೇ ನಿಲ್ಲಿಸುವ ಒಪ್ಪಂದ ಮಾಡಿಕೊಂಡವು. ಸಮುದ್ರ ಬೆಚ್ಚಗಾದದ್ದು, ನದಿ ಬೆಚ್ಚಗಾದದ್ದು, ಮೀನಿನ ರೋಗ, ಸಮುದ್ರದಲ್ಲಿನ ಮೀನುಗಾರಿಕೆ ಎಂದು ಹಲವು ಕಾರಣ ಹೇಳುತ್ತಾರೆ. ಸೇತುವೆಯ ಹತ್ತಿರದ ಹೋಟೆಲಿನಲ್ಲಿ ಊಟಕ್ಕೆ ಕೂತಾಗ ಎದುರಿಗೆ ಹರಿಯುವ ಆ ಅಗಲವಾದ ಕಂದು ನೀರನ್ನು ನೋಡಿ. ಅದರ ದಡದಲ್ಲೇ ಹುಟ್ಟಿದವರು ಇವತ್ತು ಮೀನನ್ನು ಹೊರಗಿನಿಂದ ತರಿಸಿಕೊಳ್ಳುವ ಕಾಲ ಬಂದಿದೆ. ನನಗೆ ಇದು ತುಂಬಾ ಸಂಕಟ ಕೊಡುವ ವಿಷಯ.

ನದಿ ದಾಟಿದ ಮೇಲೆ ಸುಟ್ಟ ಕಾಡು ಸಿಗುತ್ತದೆ. 2004ರಲ್ಲಿ ಅಲಾಸ್ಕಾದಲ್ಲಿ 66 ಲಕ್ಷ ಎಕರೆ ಸುಟ್ಟಿತು. ದಾಖಲೆಯಲ್ಲಿ ಅದೇ ಅತಿ ದೊಡ್ಡದು. ಕಪ್ಪು, ಬೂದು ಕಡ್ಡಿಗಳು ಗುಡ್ಡದ ಮೇಲೆಲ್ಲ ನಿಂತಿರುತ್ತವೆ. ಆದರೆ ಬ್ಲ್ಯಾಕ್ ಸ್ಪ್ರೂಸಿಗೆ ಬೆಂಕಿ ಹೊಸದಲ್ಲ. ಅದರ ಕಾಯಿಗಳು ಅಂಟಿನಿಂದ ಮುಚ್ಚಿಕೊಂಡಿರುತ್ತವೆ, ಬೆಂಕಿಯ ಶಾಖಕ್ಕೆ ಚೆನ್ನಾಗಿ ಬಾಯಿ ಬಿಟ್ಟು ಬೀಜ ಉದುರಿಸುತ್ತವೆ. ಸುಟ್ಟ ನೆಲದಲ್ಲಿ ಮೊದಲು ಬರುವುದು ಫೈರ್‌ವೀಡ್, ಎದೆಮಟ್ಟ ಬೆಳೆದು ಗುಲಾಬಿ ಬಣ್ಣದ ಹೂ ಬಿಡುವ ಗಿಡ. ಹೂವು ಕೆಳಗಿನಿಂದ ಮೇಲಕ್ಕೆ ಅರಳುತ್ತಾ ಹೋಗುತ್ತದೆ. ತುದಿಯವರೆಗೆ ಅರಳಿತು ಅಂದರೆ ಬೇಸಿಗೆ ಮುಗಿಯಿತು ಅಂತ ಅಲ್ಲಿಯ ಜನ ಲೆಕ್ಕ ಹಾಕುತ್ತಾರೆ. ಈಗಿನ ಚಿಂತೆ ಬೇರೆ. ಬೆಂಕಿ ಮೇಲಿನ ಪಾಚಿಯನ್ನು ಆಳಕ್ಕೆ ಸುಟ್ಟರೆ ಕೆಳಗಿನ ಹೆಪ್ಪಿಗೆ ಹೊದಿಕೆ ಇಲ್ಲವಾಗುತ್ತದೆ. ಬುಲ್ಡೋಜರ್ ಮಾಡಿದ ಕೆಲಸವನ್ನೇ ಬೆಂಕಿಯೂ ಮಾಡುತ್ತದೆ, ಅದಕ್ಕಿಂತ ಎಷ್ಟೋ ದೊಡ್ಡ ಜಾಗದಲ್ಲಿ.

ಫಿಂಗರ್ ಮೌಂಟನ್ ಎಂಬಲ್ಲಿ ರಸ್ತೆ ಎತ್ತರಕ್ಕೆ ಏರಿ ಮರಗಳೆಲ್ಲ ಮುಗಿಯುತ್ತವೆ. ದೊಡ್ಡ ದೊಡ್ಡ ಗ್ರಾನೈಟ್ ಬಂಡೆಗಳು ಎದ್ದು ನಿಂತಿವೆ. ನೂರಾರು ಚದರ ಕಿಲೋಮೀಟರ್ ಕಣ್ಣಿಗೆ ಅಡ್ಡವಿಲ್ಲದೆ ಕಾಣುತ್ತದೆ. ಇಲ್ಲಿ ಎಲ್ಲರೂ ದೂರ ನೋಡುತ್ತಾರೆ. ನೀವು ಒಮ್ಮೆ ಕೂತು ಕಾಲ ಬುಡ ನೋಡಿ. ಪಾದದಷ್ಟೂ ಎತ್ತರವಿಲ್ಲದ ವಿಲೋ ಗಿಡ, ಕಾಡು ಬ್ಲೂಬೆರಿ, ಕೆಂಪು ಕ್ರ್ಯಾನ್‌ಬೆರಿ. ಅದರ ಮಧ್ಯೆ ಬೂದು, ಹಳದಿ, ಕಪ್ಪು ಬಣ್ಣದ ಕಲ್ಲುಹೂವು. ನಾವು ಮಸಾಲೆಗೆ ಹಾಕುವ ಕಲ್ಲುಹೂವಿನ ಬಳಗದ್ದೇ. ಕ್ಯಾರಿಬೂ ಜಿಂಕೆಗಳಿಗೆ ಚಳಿಗಾಲದ ಮುಖ್ಯ ಮೇವು ಇದು. ತುಂಬಾ ನಿಧಾನ ಬೆಳೆಯುತ್ತದೆ. ಒಂದು ಹಾಸು ತುಳಿದು ಹಾಳು ಮಾಡಿದರೆ ಸರಿಯಾಗಲು ದಶಕಗಳೇ ಬೇಕು. ದಯವಿಟ್ಟು ಹಾಕಿರುವ ಕಾಲುದಾರಿ ಬಿಟ್ಟು ಹೋಗಬೇಡಿ.

ಪ್ರಾಣಿಗಳ ಮಾತು ಇಲ್ಲೇ ಹೇಳಿಬಿಡುತ್ತೇನೆ. ಕರಡಿ, ತೋಳ, ಮೂಸ್ ಎಂಬ ದೊಡ್ಡ ಜಿಂಕೆ ಎಲ್ಲ ಈ ಕಾಡಿನಲ್ಲಿವೆ. ಆದರೆ ನಿಮಗೆ ಒಂದೂ ಕಾಣದೆ ಇರಬಹುದು. ಅದಕ್ಕೆ ಗೈಡನ್ನು ದೂರಬೇಡಿ. ವರ್ಷದಲ್ಲಿ ಮೂರು ತಿಂಗಳು ಮಾತ್ರ ಹಸಿರಾಗುವ, ಬೇರಿಗೆ ಕೆಲವೇ ಅಡಿ ಮಣ್ಣು ಸಿಗುವ ನೆಲ ಎಷ್ಟು ಮೇವು ಕೊಟ್ಟೀತು? ಮೇವು ಕಡಿಮೆ, ಹಾಗಾಗಿ ಪ್ರಾಣಿಗೆ ಬೇಕಾದ ಜಾಗ ಜಾಸ್ತಿ. ಒಂದು ತೋಳದ ಗುಂಪಿಗೆ ನೂರಾರು ಚದರ ಕಿಲೋಮೀಟರ್ ಬೇಕು. ಅಷ್ಟು ಜಾಗ ಇನ್ನೂ ತುಂಡಾಗದೆ ಉಳಿದಿದೆಯಲ್ಲ, ಅದನ್ನು ಫಿಂಗರ್ ಮೌಂಟನ್ ಮೇಲಿಂದ ನೋಡಬಹುದು.

ಅಲ್ಲಿಂದ ಇನ್ನು ಸ್ವಲ್ಪ ದೂರ, ಡಾಲ್ಟನ್ ಹೆದ್ದಾರಿಯ 115ನೇ ಮೈಲಿಯಲ್ಲಿ, ಆರ್ಕ್ಟಿಕ್ ವೃತ್ತದ ಬೋರ್ಡು. 66 ಡಿಗ್ರಿ 33 ನಿಮಿಷ ಉತ್ತರ ಅಕ್ಷಾಂಶ. ಎಲ್ಲರೂ ಫೋಟೋ ತೆಗೆಸಿಕೊಳ್ಳುತ್ತಾರೆ, ಕೆಲವು ಕಂಪನಿಗಳು ಪ್ರಮಾಣಪತ್ರವನ್ನೂ ಕೊಡುತ್ತವೆ. ಖುಷಿಯಿಂದ ತಗೊಳ್ಳಿ. ಭೂಮಿಯ ಅಕ್ಷದ ವಾಲಿಕೆ ನಿಧಾನಕ್ಕೆ ಬದಲಾಗುತ್ತಿರುವುದರಿಂದ ಈ ವೃತ್ತ ವರ್ಷಕ್ಕೆ 14-15 ಮೀಟರಿನಷ್ಟು ಉತ್ತರಕ್ಕೆ ಸರಿಯುತ್ತಿದೆ. ಬೋರ್ಡು ಮಾತ್ರ ನಿಂತಲ್ಲೇ ಇದೆ. ಇಲ್ಲಿಂದ 20 ಮೈಲಿ ಮುಂದೆ ಪ್ರಾಸ್ಪೆಕ್ಟ್ ಕ್ರೀಕ್ ಎಂಬ ಜಾಗ ಇದೆ. 1971ರ ಜನವರಿ 23ರಂದು ಅಲ್ಲಿ ಮೈನಸ್ 62 ಡಿಗ್ರಿ ಸೆಲ್ಸಿಯಸ್ ದಾಖಲಾಯಿತು. ಅಮೆರಿಕದಲ್ಲಿ ದಾಖಲಾದ ಅತಿ ಕಡಿಮೆ ಉಷ್ಣಾಂಶ ಅದು. ಬೇಸಿಗೆಯ ಸಂಜೆ ಬೋರ್ಡಿನ ಕೆಳಗೆ ಸೊಳ್ಳೆ ಹೊಡೆಯುತ್ತಾ ನಿಂತವರಿಗೆ ಇದನ್ನು ನಂಬುವುದು ಕಷ್ಟ.

ಮಧ್ಯರಾತ್ರಿ ಸೂರ್ಯನನ್ನು ಬೋರ್ಡಿನ ಹತ್ತಿರ ನೋಡಬಹುದಾ ಅಂತ ಕೇಳುತ್ತಾರೆ. ಜೂನ್ 21ರ ಸುಮಾರಿಗೆ ಅಲ್ಲಿ ಸೂರ್ಯ ಮುಳುಗುವುದಿಲ್ಲ, ನಿಜ. ಆದರೆ ದಿನದ ಪ್ರವಾಸದಲ್ಲಿ ಆ ಹೊತ್ತಿಗೆ ನೀವು ವಾಪಸ್ ದಾರಿಯಲ್ಲಿ ಇರುತ್ತೀರಿ. ರಾತ್ರಿ 11 ಗಂಟೆಗೆ ಓರೆ ಬಿಸಿಲು ಗುಡ್ಡಗಳ ಮೇಲೆ ಬೀಳುವುದು ಕಾಣುತ್ತದೆ. ಬೆಳಿಗ್ಗೆ ನೋಡಿದ ಅದೇ ಎರಡು ಬದಿಯ ಕಾಡು ಆಗ ಇನ್ನೂ ಸ್ಪಷ್ಟವಾಗಿ ಬೇರೆ ಬೇರೆ ಕಾಣುತ್ತದೆ. ಎಲ್ಲರೂ ನಿದ್ದೆ ಮಾಡುವ ಹೊತ್ತು ಅದು. ಸಾಧ್ಯವಾದರೆ ಎಚ್ಚರವಾಗಿರಿ.

ಇನ್ನು ನೀವು ಕೇಳಿದ ಪ್ರಶ್ನೆಗಳು. ಯಾವ ತಿಂಗಳು ಒಳ್ಳೆಯದು? ಜೂನ್, ಜುಲೈಯಲ್ಲಿ ಬೆಳಕು ಜಾಸ್ತಿ, ಸೊಳ್ಳೆಯೂ ಜಾಸ್ತಿ. ನನ್ನನ್ನು ಕೇಳಿದರೆ ಆಗಸ್ಟ್ ಕೊನೆಯಿಂದ ಸೆಪ್ಟೆಂಬರ್ ಮೊದಲ ವಾರ. ಸೊಳ್ಳೆ ಇಳಿದಿರುತ್ತದೆ, ಬೆರಿ ಹಣ್ಣಾಗಿರುತ್ತದೆ, ಬರ್ಚ್ ಹಳದಿ, ಎತ್ತರದ ನೆಲವೆಲ್ಲ ಕೆಂಪು. ರಾತ್ರಿ ಕತ್ತಲಾಗುವುದರಿಂದ ಅದೃಷ್ಟ ಇದ್ದರೆ ವಾಪಸ್ ಬರುವಾಗ ಧ್ರುವಪ್ರಭೆಯೂ ಕಾಣುತ್ತದೆ. ಯಾವ ತಿಂಗಳಾದರೂ ಸ್ವೆಟರ್, ಮಳೆ ಕೋಟು, ತಲೆಗೆ ಹಾಕುವ ಸೊಳ್ಳೆ ಬಲೆ ಇಟ್ಟುಕೊಳ್ಳಿ.

ಊಟ? ಸಸ್ಯಾಹಾರಿಗಳಿಗೆ ದಾರಿಯಲ್ಲಿ ಹೆಚ್ಚೇನೂ ಸಿಗುವುದಿಲ್ಲ. ಚಪಾತಿ, ಪುಳಿಯೋಗರೆ ಕಟ್ಟಿಕೊಂಡು ಹೋಗಿ, ನೀರು ಜಾಸ್ತಿ ಇಟ್ಟುಕೊಳ್ಳಿ. ಟಾಯ್ಲೆಟ್ ನಿಲ್ದಾಣಗಳಲ್ಲಿ ಇದೆ. ಹೆಚ್ಚಿನವು ನೀರಿಲ್ಲದ ಗುಂಡಿ ಟಾಯ್ಲೆಟ್ಟುಗಳು, ಆದರೆ ಚೊಕ್ಕಟವಾಗಿ ಇಟ್ಟಿರುತ್ತಾರೆ. ಎಪ್ಪತ್ತು ದಾಟಿದ ಅಪ್ಪ ಅಮ್ಮನನ್ನು ಕರೆದುಕೊಂಡು ಹೋಗಬಹುದಾ? ನಡೆಯುವುದು ತೀರಾ ಕಡಿಮೆ, ಕೂರುವುದೇ ಕಷ್ಟ. ಮಂಡಿ ನೋವು, ಸೊಂಟ ನೋವು ಇದ್ದವರಿಗೆ ಒಂದು ಬದಿ ಸಣ್ಣ ವಿಮಾನದಲ್ಲಿ, ಇನ್ನೊಂದು ಬದಿ ವ್ಯಾನಿನಲ್ಲಿ ಹೋಗುವ ಪ್ರವಾಸವೂ ಇದೆ. ಖರ್ಚು ಜಾಸ್ತಿ, ಆದರೆ ಯೂಕಾನ್ ಬಯಲು ಮೇಲಿನಿಂದ ಕಾಣುತ್ತದೆ. ಹೃದಯದ ತೊಂದರೆ ಇದ್ದವರು ಮಾತ್ರ ಡಾಕ್ಟರನ್ನು ಕೇಳದೆ ಹೊರಡಬೇಡಿ. ಅಲ್ಲಿ ಆಂಬ್ಯುಲೆನ್ಸ್ ಬರಲು ಗಂಟೆಗಳೇ ಹಿಡಿಯುತ್ತವೆ.

ಕಂಪನಿ ಹೇಗೆ ಆರಿಸಬೇಕು ಅಂತ ಹಿಂದಿನ ಸಾಲಿನವರು ಕೇಳಿದಿರಿ. ಬೆಲೆ ನೋಡುವ ಮೊದಲು ಫೋನ್ ಮಾಡಿ ಮೂರು ವಿಷಯ ಕೇಳಿ. ವ್ಯಾನಿನಲ್ಲಿ ಎಷ್ಟು ಜನ ಇರುತ್ತಾರೆ? ಫಿಂಗರ್ ಮೌಂಟನ್‌ನಲ್ಲಿ ಎಷ್ಟು ಹೊತ್ತು ನಿಲ್ಲಿಸುತ್ತಾರೆ? ಕಾಡಿನೊಳಗೆ ಇಳಿಸಿ ಪಾಚಿಯ ಕೆಳಗಿನ ಮಂಜನ್ನು ಕೈಯಿಂದ ಮುಟ್ಟಿಸುತ್ತಾರಾ? ಮೂರನೆಯದಕ್ಕೆ ಹೌದು ಅಂದವರ ಹತ್ತಿರ ಟಿಕೆಟ್ ತಗೊಳ್ಳಿ.